ಇಮಿಕ್ವಿಮಾಡ್: ಮಾಡುವ ಔಷಧವಲ್ಲ, ಮಾಡಿಸುವ ಔಷಧ

(ಓದುಗರ ಬಳಗವೊಂದರಲ್ಲಿ ಆಡಿದ ಮಾತಿನ ಬರಹ ರೂಪ. ಅಲ್ಲಲ್ಲಿ ತಿದ್ದಿದ್ದೇನೆ. ಕೊನೆಯಲ್ಲಿ ಬಂದ ಪ್ರಶ್ನೆಯನ್ನು ಹಾಗೇ ಉಳಿಸಿಕೊಂಡಿದ್ದೇನೆ.)

ಎಲ್ಲರಿಗೂ ನಮಸ್ಕಾರ.

ಔಷಧ ಅಂಗಡಿಯ ಕೌಂಟರಿನ ಹಿಂದೆ ನಿಂತು ನಿಂತೇ ಕೂದಲು ನೆರೆತವನು ನಾನು. ಓದುಗರ ಬಳಗದಲ್ಲಿ ಇವನಿಗೇನು ಕೆಲಸ ಅಂತ ನಿಮಗೆ ಅನ್ನಿಸಿರಬಹುದು. ಕರೆದಾಗ ನನಗೂ ಹಾಗೇ ಅನ್ನಿಸಿತು. ಆಮೇಲೆ ಹೊಳೆಯಿತು, ನಾನೂ ದಿನವಿಡೀ ಓದುವವನೇ. ಅದೂ ಡಾಕ್ಟರ ಕೈಬರಹ. ಅದಕ್ಕಿಂತ ಕಷ್ಟದ ಹಳಗನ್ನಡ ಯಾವುದಿದೆ ಹೇಳಿ? ಹಾಗಾಗಿ ಇವತ್ತು ಒಂದೇ ಒಂದು ಪದ ಹಿಡಿದುಕೊಂಡು ಬಂದಿದ್ದೇನೆ.

ಆ ಪದ ನನಗೆ ಅಂಟಿಕೊಂಡದ್ದು ಹೀಗೆ. ಒಂದು ಸಂಜೆ ಇಪ್ಪತ್ತೈದರ ಆಸುಪಾಸಿನ ಹುಡುಗನೊಬ್ಬ ಅಂಗಡಿಗೆ ಬಂದ. ಇನ್ನಿಬ್ಬರು ಗಿರಾಕಿಗಳಿದ್ದರು. ಅವರು ಹೋಗುವ ತನಕ ಶಾಂಪೂ ಸ್ಯಾಚೆಟ್ಟುಗಳನ್ನು ನೋಡುತ್ತಾ ನಿಂತ. ಆಮೇಲೆ ಮೆಲ್ಲಗೆ, "ಸಾರ್, ಒಂದು ಕ್ರೀಮು ಬೇಕಿತ್ತು. ಚೀಟಿ ರೂಮಲ್ಲೇ ಬಿಟ್ಟು ಬಂದೆ. ಹೆಸರು ಏನೋ... ಕೊನೇಲಿ 'ಮಾಡ್' ಅಂತ ಬರುತ್ತೆ" ಅಂದ. "ಏನ್ ಮಾಡ್ಲಪ್ಪಾ?" ಅಂದೆ. ಅವನಿಗೂ ನಗು ಬಂತು. ಮುಜುಗರ ಸ್ವಲ್ಪ ಕರಗಿತು. ಚೀಟಿ ತಂದ ಮೇಲೆ ನೋಡಿದೆ. ಇಮಿಕ್ವಿಮಾಡ್. ಗುಪ್ತಾಂಗದ ನರಹುಲಿಗೆ ಹಚ್ಚುವ ಕ್ರೀಮು.

ಅವನು ಹೋದ. 'ಮಾಡ್' ಮಾತ್ರ ನನ್ನ ತಲೆಯಲ್ಲಿ ಉಳಿಯಿತು.

ಔಷಧಗಳಿಗೆ ಹೆಸರಿಡುವವರು ಯಾರು? ಕಂಪನಿ ಇಡುವುದು ಒಂದು ಹೆಸರು, ಅದು ವ್ಯಾಪಾರದ ಹೆಸರು. ಇಮಿಕ್ವಿಮಾಡ್ ಅಮೆರಿಕದಲ್ಲಿ ಮೊದಲು ಮಾರುಕಟ್ಟೆಗೆ ಬಂದಾಗ ಅದರ ಪೆಟ್ಟಿಗೆಯ ಮೇಲೆ 'ಆಲ್ಡಾರಾ' ಅಂತ ಇತ್ತು. ಆದರೆ ಎಲ್ಲ ದೇಶಕ್ಕೂ ಒಂದೇ ಆದ, ಯಾರ ಸ್ವತ್ತೂ ಅಲ್ಲದ ಇನ್ನೊಂದು ಹೆಸರು ಇರುತ್ತದೆ. ಅದನ್ನು ನೋಡಿಕೊಳ್ಳುವುದು ವಿಶ್ವ ಆರೋಗ್ಯ ಸಂಸ್ಥೆ. ಈ ಕೆಲಸಕ್ಕೆ ಒಪ್ಪಿಗೆ ಸಿಕ್ಕಿದ್ದು 1950ರಲ್ಲಿ. ಮೊದಲ ಪಟ್ಟಿ ಬಂದದ್ದು 1953ರಲ್ಲಿ.

ಅವರ ನಿಯಮಗಳು ಬಲು ಸ್ವಾರಸ್ಯ. ಒಂದು ನಿಯಮ ಹೀಗಿದೆ: ಹೆಸರು ಕೇಳಿದ ರೋಗಿಗೆ ತನ್ನ ಕಾಯಿಲೆಯಾಗಲಿ, ದೇಹದ ಭಾಗವಾಗಲಿ, ಗುಣವಾಗುತ್ತದೆ ಎಂಬ ಆಸೆಯಾಗಲಿ ನೆನಪಾಗಬಾರದು. ನಮ್ಮ ಆಯುರ್ವೇದ ಇದಕ್ಕೆ ಪೂರಾ ಉಲ್ಟಾ. 'ಜ್ವರಾಂಕುಶ' ಅಂದರೆ ಜ್ವರ ಎಂಬ ಆನೆಗೆ ಅಂಕುಶ. ಹೆಸರಲ್ಲೇ ಕಾಯಿಲೆ, ಹೆಸರಲ್ಲೇ ಭರವಸೆ. ಹೊಸ ಔಷಧಗಳ ಹೆಸರು ಬೇಕೆಂದೇ ಮೂಗನಂತೆ ಇರುತ್ತದೆ. ನಮ್ಮ ಹುಡುಗನ ವಿಷಯದಲ್ಲಿ ಅದು ಒಳ್ಳೆಯದೇ ಆಯಿತು. ಪಕ್ಕದವನು ಚೀಟಿ ಇಣುಕಿ ನೋಡಿದರೂ ಏನೂ ಗೊತ್ತಾಗುತ್ತಿರಲಿಲ್ಲ.

ಇನ್ನೊಂದು ನಿಯಮ ಕೇಳಿದರೆ ನಿಮಗೆ ನಗು ಬರುತ್ತದೆ. ಇಂಗ್ಲಿಷಿನಲ್ಲಿ ಬರೆಯುವಾಗ ಪಿ-ಎಚ್ ಬದಲು ಎಫ್ ಇರಲಿ, ಟಿ-ಎಚ್ ಬದಲು ಬರೀ ಟಿ ಸಾಕು, ಎಚ್ ಅನ್ನು ಆದಷ್ಟು ತಪ್ಪಿಸಿ ಅನ್ನುತ್ತಾರೆ. ಅಂದರೆ ಮಹಾಪ್ರಾಣ ಬೇಡ! ನಮ್ಮ ಹಳ್ಳಿಯ ಅಜ್ಜಿಯರು 'ಭಾಗ್ಯ'ಳನ್ನು 'ಬಾಗ್ಯ' ಅಂತ ಕರೆದರೆ ಮೇಷ್ಟ್ರು ತಿದ್ದುತ್ತಿದ್ದರು. ವಿಶ್ವ ಆರೋಗ್ಯ ಸಂಸ್ಥೆ ಇರುವ ಜಿನೀವಾದಲ್ಲಿ ಅಜ್ಜಿಯರ ಉಚ್ಚಾರವೇ ಶಿಸ್ತು.

ಮುಖ್ಯವಾದದ್ದು ಬಾಲದ ನಿಯಮ. ಒಂದೇ ಜಾತಿಯ ಔಷಧಗಳಿಗೆ ಒಂದೇ ಬಾಲ. ಈ ಸಭೆಯಲ್ಲಿರುವ ಅರ್ಧ ಜನರ ಚೀಲದಲ್ಲಿ ಈಗಲೇ ಅಂಥ ಬಾಲಗಳಿವೆ. ಟೆಲ್ಮಿಸಾರ್ಟಾನ್, ಲೊಸಾರ್ಟಾನ್: 'ಸಾರ್ಟಾನ್' ಇದ್ದರೆ ಬಿಪಿ ಮಾತ್ರೆ. ಪ್ಯಾಂಟೊಪ್ರಜೋಲ್, ಒಮೆಪ್ರಜೋಲ್: 'ಪ್ರಜೋಲ್' ಇದ್ದರೆ ಹೊಟ್ಟೆಯ ಆಸಿಡ್ಡಿಗೆ. 'ಗ್ಲಿಪ್ಟಿನ್' ಇದ್ದರೆ ಶುಗರಿಗೆ. ಅಟೋರ್ವಾಸ್ಟಾಟಿನ್‌ನಲ್ಲಿ ಇರುವ 'ವಾಸ್ಟಾಟಿನ್' ಕೊಲೆಸ್ಟರಾಲಿಗೆ. ಬಾಲವನ್ನು ಪೂರ್ತಿ ಹಿಡಿಯಬೇಕು, ತುದಿ ಮಾತ್ರ ಹಿಡಿದರೆ ಮೋಸ ಹೋಗುತ್ತೀರಿ. ನಿಸ್ಟಾಟಿನ್ ಕೂಡ 'ಸ್ಟಾಟಿನ್' ಅಂತಲೇ ಮುಗಿಯುತ್ತದೆ. ಆದರೆ ಅದು ಫಂಗಸ್ಸಿನ ಔಷಧ. ನ್ಯೂಯಾರ್ಕ್ ಸ್ಟೇಟ್‌ನ ಸರ್ಕಾರಿ ಪ್ರಯೋಗಾಲಯದಲ್ಲಿ ಸಿಕ್ಕಿತು ಅಂತ ಆ ಹೆಸರು.

ಇಮಿಕ್ವಿಮಾಡ್‌ನ ಬಾಲ 'ಇಮಾಡ್'. ದೇಹದ ರೋಗನಿರೋಧಕ ವ್ಯವಸ್ಥೆಯನ್ನು ಹೇಗಾದರೂ ಬದಲಿಸುವ ಔಷಧಗಳಿಗೆ ಈ ಬಾಲ. ಅದಕ್ಕೆ ಆಮೇಲೆ ಬರುತ್ತೇನೆ. ಮೊದಲು ತಲೆ ಮತ್ತು ಹೊಟ್ಟೆ ನೋಡೋಣ.

'ಇಮಿ' ಅನ್ನುವುದು 'ಇಮಿಡಾಜೋಲ್' ಎಂಬ ರಾಸಾಯನಿಕ ಉಂಗುರದಿಂದ ಬಂದದ್ದು. ಅದು ಬಂದದ್ದು 'ಇಮೈಡ್' ಪದದಿಂದ. ಇಮೈಡ್ ಅನ್ನುವುದು 'ಅಮೈಡ್' ಪದದ ಮೊದಲ ಅಕ್ಷರ ತಿರುಚಿ ಮಾಡಿಕೊಂಡದ್ದು. ಅಮೈಡ್‌ನ ಮೂಲ ಅಮೋನಿಯಾ. ಅಮೋನಿಯಾಕ್ಕೆ ಆ ಹೆಸರು ಬಂದದ್ದು ಒಂದು ಉಪ್ಪಿನಿಂದ. ಈಜಿಪ್ಟಿನ ಆಮನ್ ದೇವರ ಗುಡಿಯ ಆಸುಪಾಸಿನಲ್ಲಿ ಸಿಗುವ ಉಪ್ಪು ಅಂತ ಹಿಂದಿನವರು ಅದನ್ನು ಆಮನ್ನನ ಉಪ್ಪು ಅಂತ ಕರೆದರು. ಆ ಉಪ್ಪು ನಿಮಗೆಲ್ಲ ಗೊತ್ತು. ಕಲಾಯಿಯವನು ಕಾದ ಹಿತ್ತಾಳೆ ಪಾತ್ರೆಗೆ ಒಂದು ಪುಡಿ ಎರಚಿದಾಗ ಬುಸ್ಸೆಂದು ಬಿಳಿ ಹೊಗೆ ಏಳುತ್ತಿತ್ತು, ಮೂಗು ಉರಿಯುತ್ತಿತ್ತು. ಅದೇ ನವಸಾಗರ. ನಮ್ಮ ಬೀದಿಯ ನವಸಾಗರದ ಇಂಗ್ಲಿಷ್ ಹೆಸರಿನಲ್ಲಿ ಈಜಿಪ್ಟಿನ ದೇವರು ಕೂತಿದ್ದಾನೆ. ಅವನದೇ ಒಂದು ಚೂರು ಈ ಕ್ರೀಮಿನ ಹೆಸರಿನ ತಲೆಯಲ್ಲೂ ಇದೆ.

'ಕ್ವಿ' ಇನ್ನೂ ಚೆನ್ನಾಗಿದೆ. ಅದು 'ಕ್ವಿನೊಲಿನ್' ಎಂಬ ಇನ್ನೊಂದು ಉಂಗುರದ ಹೆಸರಿನಿಂದ ಬಂದದ್ದು. 1842ರಲ್ಲಿ ಗೆರ್ಹಾರ್ಟ್ ಎಂಬ ರಸಾಯನಶಾಸ್ತ್ರಜ್ಞ ಕ್ವಿನೈನನ್ನು ಕ್ಷಾರದ ಜೊತೆ ಕಾಯಿಸಿದಾಗ ಎಣ್ಣೆಯಂಥ ಪದಾರ್ಥ ಬಂತು. ಕ್ವಿನೈನಿನ ಮಗು ಅಂತ ಅದಕ್ಕೆ ಆ ಹೆಸರು. ಇನ್ನು ಕ್ವಿನೈನ್? ದಕ್ಷಿಣ ಅಮೆರಿಕದ ಆಂಡೀಸ್ ಬೆಟ್ಟದ ಜನರ ಕೆಚುವಾ ಭಾಷೆಯಲ್ಲಿ 'ಕಿನ' ಅಂದರೆ ತೊಗಟೆ. ಸಿಂಕೋನಾ ಮರದ ತೊಗಟೆ. ಬ್ರಿಟಿಷರು 1860ರ ದಶಕದಲ್ಲಿ ಆ ಮರವನ್ನು ತಂದು ನೀಲಗಿರಿಯಲ್ಲಿ ನೆಟ್ಟರು. ಮೈಸೂರಿನಿಂದ ಗೂಡಲೂರು ದಾರಿಯಲ್ಲಿ ಊಟಿಗೆ ಹೋಗುವಾಗ ನಡುವಟ್ಟಂ ಅಂತ ಊರು ಬರುತ್ತದಲ್ಲ, ಅಲ್ಲಿ ಸರ್ಕಾರಿ ಕ್ವಿನೈನ್ ಕಾರ್ಖಾನೆಯೇ ಇತ್ತು. ಮಲೆನಾಡಿನ ಚಳಿಜ್ವರದ ಕಾಲ ಕಂಡ ಹಿರಿಯರಿಗೆ ಕ್ವಿನೈನಿನ ಕಹಿಯ ಬಗ್ಗೆ ನಾನು ಹೇಳಬೇಕಿಲ್ಲ.

ಇಲ್ಲೊಂದು ಎಚ್ಚರಿಕೆ. ಹೆಸರಿನಲ್ಲಿ ಕ್ವಿನೈನಿನ ನೆರಳಿದೆ ಅಂತ ಈ ಕ್ರೀಮು ಮಲೇರಿಯಾಕ್ಕಲ್ಲ. ಸಿಂಕೋನಾ ತೊಗಟೆಯಿಂದ ಮಾಡಿದ್ದೂ ಅಲ್ಲ. ಉಂಗುರದ ಆಕಾರ ಮಾತ್ರ ಆ ಮನೆತನದ್ದು. ಅಜ್ಜನ ಮೂಗು ಮೊಮ್ಮಗನಿಗೆ ಬಂದಿದೆ, ಅಜ್ಜನ ಕಸುಬು ಬಂದಿಲ್ಲ.

ಈಗ ಬಾಲಕ್ಕೆ ಬರೋಣ.

'ಇಮಾಡ್' ಅಂದರೆ ಇಮ್ಯುನೊಮಾಡ್ಯುಲೇಟರ್. 'ಮಾಡ್ಯುಲೇಟ್' ಪದದ ಒಳಗಿರುವುದು ಲ್ಯಾಟಿನ್ನಿನ 'ಮೋಡುಸ್', ಅಂದರೆ ಅಳತೆ. ನನಗೆ ಕೇಳಿದರೆ ಇದಕ್ಕೆ ಕನ್ನಡದ ಪದ 'ಹದ'. ಉಪ್ಪಿನ ಹದ, ಪಾಕದ ಹದ ಅನ್ನುತ್ತೇವಲ್ಲ, ಆ ಹದ. ಹದ ಮಾಡುವುದು ಅಂದರೆ ಜಾಸ್ತಿ ಮಾಡುವುದು ಅಂತಲೇ ಅಲ್ಲ, ಕಡಿಮೆ ಮಾಡುವುದೂ ಹೌದು. ಇದೇ ಬಾಲದ ಇನ್ನೊಂದು ಔಷಧ ಫಿಂಗೊಲಿಮಾಡ್. 2010ರಲ್ಲಿ ಅಮೆರಿಕದಲ್ಲಿ ಅನುಮತಿ ಪಡೆಯಿತು. ಮಲ್ಟಿಪಲ್ ಸ್ಕ್ಲೆರೋಸಿಸ್ ಎಂಬ ನರರೋಗದಲ್ಲಿ ರೋಗಿಯ ಬಿಳಿ ರಕ್ತಕಣಗಳು ತಮ್ಮದೇ ನರಗಳ ಮೇಲೆ ಬೀಳುತ್ತವೆ. ಆ ಕಣಗಳನ್ನು ದುಗ್ಧಗ್ರಂಥಿಗಳಲ್ಲೇ ಕೂಡಿಹಾಕುವ ಗುಳಿಗೆ ಅದು. ಅಂದರೆ ಒಲೆಯ ಉರಿ ಇಳಿಸುವ ಔಷಧ. ಇಮಿಕ್ವಿಮಾಡ್ ಉರಿ ಏರಿಸುವ ಔಷಧ. ಇಬ್ಬರಿಗೂ ಒಂದೇ ಬಾಲ! ಹೆಸರು ನೋಡಿ 'ಓ, ಇದು ಇಮ್ಯೂನಿಟಿದು' ಅನ್ನುವಷ್ಟು ತಿಳಿಯಬಹುದು. ಹೆಚ್ಚಿಸುವುದೋ ತಗ್ಗಿಸುವುದೋ ಅಂತ ಹೆಸರು ಹೇಳುವುದಿಲ್ಲ.

ಆದರೆ ಕನ್ನಡ ಕಿವಿಗೆ ಆ ಬಾಲ ಇನ್ನೇನೋ ಹೇಳುತ್ತದೆ ಅಲ್ವಾ? 'ಮಾಡ್'. ಅದೇ ಹುಡುಗನ 'ಮಾಡ್'. ನಾನು ಅದನ್ನೇ ಹಿಡಿದು ಯೋಚಿಸಿದೆ. ಈ ಔಷಧ ಏನು ಮಾಡುತ್ತದೆ? ನಿಜ ಹೇಳಬೇಕೆಂದರೆ, ತಾನಾಗಿ ಏನೂ ಮಾಡುವುದಿಲ್ಲ. ಮಾಡಿಸುತ್ತದೆ. ನಮ್ಮ ವ್ಯಾಕರಣದಲ್ಲಿ ಒಂದು 'ಇಸು' ಸೇರಿಸಿದರೆ ಕೆಲಸ ಇನ್ನೊಬ್ಬರ ಕೈಗೆ ಹೋಗುತ್ತದೆ. ಮಾಡು, ಮಾಡಿಸು. ಈ ಕ್ರೀಮಿನ ಇಡೀ ಕತೆ ಆ 'ಇಸು'ವಿನಲ್ಲಿದೆ.

ನರಹುಲಿಯನ್ನೇ ತೆಗೆದುಕೊಳ್ಳಿ. ಕೆಲವು ಕಡೆ ನರುಳ್ಳಿ ಅನ್ನುತ್ತಾರೆ. ಅದರಲ್ಲಿ ನರವೂ ಇಲ್ಲ, ಹುಲಿಯೂ ಇಲ್ಲ. ಇರುವುದು ಹ್ಯೂಮನ್ ಪ್ಯಾಪಿಲೋಮಾ ಎಂಬ ವೈರಸ್. ಊರಲ್ಲಿ ಇದಕ್ಕೆ ಏನು ಮಾಡುತ್ತಿದ್ದರು? ಸುಣ್ಣಕ್ಕೆ ಬಟ್ಟೆ ಸೋಡಾ ಕಲಸಿ ಇಡುತ್ತಿದ್ದರು. ಚರ್ಮ ಸುಟ್ಟು ಉದುರುತ್ತಿತ್ತು, ಕೆಲವೊಮ್ಮೆ ಪಕ್ಕದ ಒಳ್ಳೆಯ ಚರ್ಮವೂ. ಆಸ್ಪತ್ರೆಯಲ್ಲಿ ದ್ರವ ನೈಟ್ರೋಜನ್ನಿನಿಂದ ಹೆಪ್ಪುಗಟ್ಟಿಸುತ್ತಾರೆ, ಇಲ್ಲವೇ ಕರೆಂಟಿನಿಂದ ಸುಡುತ್ತಾರೆ. ಇವೆಲ್ಲ ಮಾಡುವ ಚಿಕಿತ್ಸೆಗಳು. ನರಹುಲಿಯ ಮೇಲೇ ನೇರ ದಾಳಿ.

ಈ ವೈರಸ್ಸಿನ ಜಾಣತನ ಎಂದರೆ ಅದು ಸದ್ದು ಮಾಡುವುದಿಲ್ಲ. ಚರ್ಮದ ಮೇಲಿನ ಪದರದಲ್ಲೇ ಇರುತ್ತದೆ, ರಕ್ತಕ್ಕೆ ಇಳಿಯುವುದಿಲ್ಲ. ಸಾಮಾನ್ಯವಾಗಿ ಜ್ವರ ಇಲ್ಲ, ಊತ ಇಲ್ಲ, ಕೀವು ಇಲ್ಲ. ಕಳ್ಳ ಮನೆ ಹೊಕ್ಕು ತಿಂಗಳಾದರೂ ನಾಯಿ ಬೊಗಳಿಲ್ಲ, ಹಾಗೆ. ಇಮಿಕ್ವಿಮಾಡ್ ಕಳ್ಳನನ್ನು ಹಿಡಿಯುವುದಿಲ್ಲ. ಮಲಗಿದ ನಾಯಿಗೆ ಒಂದು ಕಲ್ಲು ಎಸೆಯುತ್ತದೆ, ಅಷ್ಟೇ. ನಾಯಿ ಏಳುತ್ತದೆ, ಬೊಗಳುತ್ತದೆ, ಬೀದಿಯ ಉಳಿದ ನಾಯಿಗಳೂ ಸೇರುತ್ತವೆ.

ನಾಯಿಗೆ ಕಲ್ಲು ತಗಲುವ ಜಾಗ ಯಾವುದು ಅಂತ ಔಷಧ ಮಾಡಿದವರಿಗೇ ಗೊತ್ತಿರಲಿಲ್ಲ! ಇದು ನನಗೆ ಬಹಳ ಇಷ್ಟವಾದ ಭಾಗ. ಅಮೆರಿಕದ 3ಎಂ ಕಂಪನಿಯವರು, ಹೌದು, ಅಂಟುಪಟ್ಟಿ ಮಾಡುವ ಅದೇ ಕಂಪನಿ, ಹರ್ಪಿಸ್ ವೈರಸ್ಸಿಗೆ ಔಷಧ ಹುಡುಕುತ್ತಿದ್ದರು. ಆರ್-837 ಎಂಬ ಸಂಖ್ಯೆಯ ಒಂದು ಪದಾರ್ಥ ಗಾಜಿನ ತಟ್ಟೆಯಲ್ಲಿ ವೈರಸ್ಸನ್ನು ಮುಟ್ಟಲೇ ಇಲ್ಲ. ಆದರೆ ಗಿನಿಯಿಲಿಗಳಿಗೆ ಕೊಟ್ಟಾಗ ಹರ್ಪಿಸ್ ತಗ್ಗಿತು. ತಟ್ಟೆಯಲ್ಲಿ ಇಲ್ಲದ್ದು, ಇಲಿಯಲ್ಲಿ ಇರುವುದು ಏನು? ಇಲಿಯ ಸ್ವಂತ ಕಾವಲು. ಔಷಧ ಆ ಕಾವಲಿನ ಕೈಲಿ ಕೆಲಸ ಮಾಡಿಸುತ್ತಿತ್ತು. ಇಂಟರ್‌ಫೆರಾನ್ ಎಂಬ ಎಚ್ಚರಿಕೆಯ ಪ್ರೋಟೀನು ಹೊರಡುತ್ತಿತ್ತು. ಆ ಆರ್-837 ಆಮೇಲೆ ಇಮಿಕ್ವಿಮಾಡ್ ಆಯಿತು. 1997ರಲ್ಲಿ ಅಮೆರಿಕದಲ್ಲಿ ಗುಪ್ತಾಂಗದ ಮತ್ತು ಗುದದ ಸುತ್ತಲಿನ ಹೊರಚರ್ಮದ ನರಹುಲಿಗೆ ಅನುಮತಿ ಪಡೆಯಿತು.

ಐದು ವರ್ಷ ಮಾರಾಟವಾದ ಮೇಲೆ, 2002ರಲ್ಲಿ, ಜಪಾನಿನ ಒಸಾಕಾದ ವಿಜ್ಞಾನಿಗಳು ಆ ಜಾಗ ತೋರಿಸಿಕೊಟ್ಟರು. ಅದರ ಹೆಸರು ಟೋಲ್-ಲೈಕ್ ರಿಸೆಪ್ಟರ್ 7. ಟೋಲ್ ಅಂದರೆ ನಮಗೆ ನೆನಪಾಗುವುದು ಟೋಲ್‌ಗೇಟ್. ಇದು ಆ ಟೋಲ್ ಅಲ್ಲ. 1985ರ ಹೊತ್ತಿಗೆ ಜರ್ಮನಿಯ ಟ್ಯೂಬಿಂಗೆನ್‌ನಲ್ಲಿ ಕ್ರಿಸ್ಟಿಯಾನೆ ನ್ಯೂಸ್ಲೈನ್-ಫೋಲ್ಹಾರ್ಡ್ ಹಣ್ಣುನೊಣದ ಮರಿಗಳನ್ನು ನೋಡುತ್ತಿದ್ದರು. ಒಂದರ ಆಕಾರ ವಿಚಿತ್ರವಾಗಿತ್ತು. ಆಕೆ 'ಟೋಲ್!' ಅಂದುಬಿಟ್ಟರು. ಜರ್ಮನ್ನಿನಲ್ಲಿ ಅದಕ್ಕೆ ಸರಿಸುಮಾರು 'ಸಖತ್!' ಅಂತ ಅರ್ಥ. ಆ ವಂಶವಾಹಿಗೆ ಅದೇ ಹೆಸರಾಯಿತು. ಅಂಥದ್ದೇ ರಿಸೆಪ್ಟರುಗಳು ಮನುಷ್ಯನಲ್ಲೂ ಸಿಕ್ಕಾಗ ಅವು 'ಸಖತ್ ಥರದವು' ಆದವು. ಈ ಸಂಶೋಧನೆಯ ದಾರಿಯಲ್ಲಿ 2011ರಲ್ಲಿ ಬ್ರೂಸ್ ಬಾಯ್ಟ್ಲರ್ ಮತ್ತು ಜೂಲ್ ಹಾಫ್‌ಮನ್ ಅವರಿಗೆ ನೊಬೆಲ್ ಬಂತು.

ಏಳನೆಯ ನಂಬರಿನ ಈ 'ಸಖತ್' ನಮ್ಮ ಕಾವಲು ಕೋಶಗಳ ಒಳಗೆ ಕೂತು ಕೆಲವು ವೈರಸ್ಸುಗಳ ಆರ್‌ಎನ್‌ಎ ತುಣುಕಿಗಾಗಿ ಕಾಯುತ್ತದೆ. ಇಮಿಕ್ವಿಮಾಡ್ ಆ ತುಣುಕಿನ ವೇಷ ಹಾಕಿ ಬರುತ್ತದೆ. ಕೋಶ ನಂಬುತ್ತದೆ. ಇಂಟರ್‌ಫೆರಾನ್ ಹೊರಡುತ್ತದೆ, ಬಿಳಿ ರಕ್ತಕಣಗಳು ಓಡಿ ಬರುತ್ತವೆ. ಬಂದದ್ದು ಸುಳ್ಳು ಕರೆಗೆ. ಆದರೆ ಬಂದ ಮೇಲೆ ಅಲ್ಲಿರುವ ನಿಜವಾದ ಕಳ್ಳ ಕಣ್ಣಿಗೆ ಬೀಳುತ್ತಾನೆ.

ಈಗ ಬಳಕೆಯ ಮಾತು. ಇದು ಶೇಕಡಾ 5ರ ಕ್ರೀಮು. ಸಣ್ಣ ಪೊಟ್ಟಣದಲ್ಲಿ 250 ಮಿಲಿಗ್ರಾಂ ಕ್ರೀಮು, ಅದರಲ್ಲಿ ಔಷಧ ಹನ್ನೆರಡೂವರೆ ಮಿಲಿಗ್ರಾಂ ಮಾತ್ರ. ಗುಪ್ತಾಂಗದ ನರಹುಲಿಗೆ ವಾರಕ್ಕೆ 3 ದಿನ, ಸೋಮ-ಬುಧ-ಶುಕ್ರ ಅಂತ ಇಟ್ಟುಕೊಳ್ಳಿ, ರಾತ್ರಿ ಮಲಗುವಾಗ ತೆಳ್ಳಗೆ ಹಚ್ಚಬೇಕು. 6ರಿಂದ 10 ಗಂಟೆ ಬಿಟ್ಟು ಸೋಪು ನೀರಿನಲ್ಲಿ ತೊಳೆಯಬೇಕು. ನರಹುಲಿ ಹೋಗುವ ತನಕ, ಹೆಚ್ಚೆಂದರೆ 16 ವಾರ. ಮೇಲೆ ಪಟ್ಟಿ ಕಟ್ಟಬಾರದು. ಹಚ್ಚಿದ ಹೊತ್ತಿನಲ್ಲಿ ದೈಹಿಕ ಸಂಪರ್ಕ ಬೇಡ. ಈ ಕ್ರೀಮು ಕಾಂಡೋಮನ್ನು ದುರ್ಬಲ ಮಾಡಬಹುದು ಅನ್ನುವುದನ್ನು ನಾಚಿಕೆಯಿಂದ ಯಾರೂ ಹೇಳುವುದಿಲ್ಲ, ಹೇಳಬೇಕು. ಒಮ್ಮೆ ಮರೆತರೆ ಮರುದಿನ ಎರಡರಷ್ಟು ಹಚ್ಚುವುದೂ ತಪ್ಪು.

2004ರಲ್ಲಿ ಇನ್ನೆರಡು ಕೆಲಸಕ್ಕೆ ಅನುಮತಿ ಸಿಕ್ಕಿತು. ಬಿಸಿಲಿನಿಂದ ಬರುವ ಒರಟು ಮಚ್ಚೆಗಳಿಗೆ, ಮತ್ತು ಬೇಸಲ್ ಸೆಲ್ ಎಂಬ ಚರ್ಮದ ಕ್ಯಾನ್ಸರಿನ ಮೇಲ್ಪದರದ ಬಗೆಗೆ. ಕ್ಯಾನ್ಸರಿಗೆ ಅಲ್ಲಿನ ಲೆಕ್ಕ ವಾರಕ್ಕೆ 5 ದಿನ, 6 ವಾರ. ಇವೆರಡೂ ಬಿಳಿ ಚರ್ಮದವರಲ್ಲಿ ಜಾಸ್ತಿ. ನಮ್ಮ ಅಂಗಡಿಗೆ ಬರುವ ಚೀಟಿಗಳು ಹೆಚ್ಚಾಗಿ ನರಹುಲಿಯವೇ.

ಹುಡುಗನ ಕತೆಗೆ ವಾಪಸ್ ಬರುತ್ತೇನೆ. ಎರಡು ವಾರದ ಮೇಲೆ ಬಂದ. ಮುಖದಲ್ಲಿ ಸಿಟ್ಟು. "ಸಾರ್, ಕೆಂಪಗಾಯ್ತು, ಉರಿ ಬಂತು, ಹಕ್ಕಳೆ ಕಟ್ತು. ರಿಯಾಕ್ಷನ್ ಆಗಿದೆ ಅಂತ ಬೇರೆ ಕಡೆ ಒಂದು ಟ್ಯೂಬ್ ತಗೊಂಡು ಅದರ ಮೇಲೇ ಹಚ್ಚಿದೆ" ಅಂದ. ಟ್ಯೂಬ್ ನೋಡಿದೆ. ಬೀಟಾಮೆಥಾಸೋನ್. ಸ್ಟೀರಾಯ್ಡ್.

ಏನಾಯಿತು ನೋಡಿ. ಒಂದು ಕ್ರೀಮು ನಾಯಿಯನ್ನು ಎಬ್ಬಿಸುತ್ತದೆ. ಇನ್ನೊಂದು ಜೋಗುಳ ಹಾಡಿ ಮಲಗಿಸುತ್ತದೆ. ಎರಡನ್ನೂ ಒಂದೇ ಜಾಗಕ್ಕೆ ಹಚ್ಚಿದ್ದಾನೆ. ತಪ್ಪು ಅವನದಲ್ಲ. ಚರ್ಮದ ಕ್ರೀಮು ಅಂದರೆ ಹಚ್ಚಿದ ತಕ್ಷಣ ತಂಪಾಗಬೇಕು ಅಂತ ನಮಗೆಲ್ಲ ಅಭ್ಯಾಸವಾಗಿದೆ. ತುರಿಕೆ, ಗಜಕರ್ಣ, ಮೊಡವೆ, ಎಲ್ಲಕ್ಕೂ ಚೀಟಿಯಿಲ್ಲದೆ ಸ್ಟೀರಾಯ್ಡ್ ಟ್ಯೂಬ್ ಕೊಟ್ಟು ಆ ಅಭ್ಯಾಸ ಮಾಡಿಸಿದವರು ನಮ್ಮಂಥ ಅಂಗಡಿಯವರೇ. ಇಲ್ಲಿ ಸ್ವಲ್ಪ ಕೆಂಪಾಗುವುದು ಕಾವಲು ಎದ್ದಿದೆ ಅನ್ನುವುದರ ಗುರುತು. ಇದನ್ನು ಮೊದಲ ದಿನವೇ ಅವನಿಗೆ ನಾನು ಹೇಳಬೇಕಿತ್ತು. 'ಮಾಡ್' ಅಂತ ನಗಾಡಿದ್ದರಲ್ಲಿ ಮರೆತೆ.

ಹಾಗಂತ ಎಷ್ಟು ಕೆಂಪಾದರೂ ಸರಿ ಅಂತ ಅಲ್ಲ. ಹುಣ್ಣಾದರೆ, ಮೂತ್ರಕ್ಕೆ ತೊಂದರೆಯಾದರೆ, ಜ್ವರ, ಮೈಕೈ ನೋವು ಬಂದರೆ ತೊಳೆದು ಡಾಕ್ಟರಿಗೆ ತೋರಿಸಬೇಕು. ಕೆಲವು ದಿನ ಬಿಡುವು ಕೊಟ್ಟು ಮತ್ತೆ ಶುರು ಮಾಡಿಸುತ್ತಾರೆ. ಕೆಲವರಿಗೆ ಆ ಜಾಗದ ಬಣ್ಣ ಬೆಳ್ಳಗೋ ಕಪ್ಪಗೋ ಆಗಿ ಹಾಗೇ ಉಳಿಯುವುದೂ ಉಂಟು. ಬಸುರಿಯರು, ಸೋರಿಯಾಸಿಸ್ ಇರುವವರು, ಮೂತ್ರಪಿಂಡ ಕಸಿ ಆದವರು ಮೊದಲೇ ಡಾಕ್ಟರಿಗೆ ಹೇಳಬೇಕು. ಸೋರಿಯಾಸಿಸ್ ಯಾಕೆ ಅಂದರೆ, ಅದರಲ್ಲಿ ನಾಯಿಗಳು ಆಗಲೇ ಎದ್ದು ಬೊಗಳುತ್ತಿವೆ. 2009ರಿಂದೀಚೆಗೆ ಪ್ರಯೋಗಾಲಯಗಳಲ್ಲಿ ಇಲಿಗಳ ಬೆನ್ನು ಬೋಳಿಸಿ ಇದೇ ಕ್ರೀಮು ಹಚ್ಚಿ ಸೋರಿಯಾಸಿಸ್ ಥರದ ಚರ್ಮ ಬರಿಸುತ್ತಾರೆ. ಒಂದು ರೋಗಕ್ಕೆ ಔಷಧ, ಇನ್ನೊಂದು ರೋಗವನ್ನು ತಯಾರು ಮಾಡುವ ಸಾಧನ!

ನನಗೆ 'ರೋಗನಿರೋಧಕ ಶಕ್ತಿ' ಅನ್ನುವ ಮಾತಿನ ಮೇಲೇ ಸ್ವಲ್ಪ ತಕರಾರಿದೆ. 'ಶಕ್ತಿ' ಅಂದ ತಕ್ಷಣ ಪೆಟ್ರೋಲ್ ಇದ್ದ ಹಾಗೆ, ಜಾಸ್ತಿ ಇದ್ದಷ್ಟೂ ಒಳ್ಳೆಯದು ಅನ್ನಿಸುತ್ತದೆ. ಕೊರೋನಾ ಕಾಲದಲ್ಲಿ ಕಷಾಯದಿಂದ ಬಿಸ್ಕತ್ತಿನ ತನಕ ಎಲ್ಲವೂ ಇಮ್ಯೂನಿಟಿ ಬೂಸ್ಟರ್ ಆಗಿದ್ದು ಇದರಿಂದಲೇ. 'ಇಮ್ಯೂನ್' ಪದದ ಲ್ಯಾಟಿನ್ ಮೂಲದಲ್ಲಿ ಶಕ್ತಿಯೇ ಇಲ್ಲ. 'ಇಮ್ಮೂನಿಸ್' ಅಂದರೆ ತೆರಿಗೆ, ಬಿಟ್ಟಿ ಕೆಲಸ ಇವುಗಳಿಂದ ವಿನಾಯ್ತಿ ಪಡೆದವನು. ನಮ್ಮ ಶಾಸನಗಳಲ್ಲಿ ಬರುವ 'ಸರ್ವಮಾನ್ಯ'ದ ಭೂಮಿ ಇದೆಯಲ್ಲ, ಕಂದಾಯ ಇಲ್ಲದ್ದು, ಹಾಗೆ. ಒಮ್ಮೆ ಸಿಡುಬು ಬಂದು ಹೋದವನಿಗೆ ಮತ್ತೆ ಆ ಕಂದಾಯ ಇಲ್ಲ. ಈ ಅರ್ಥ ಇಟ್ಟುಕೊಂಡರೆ 'ಇಮ್ಯೂನಿಟಿ ಹೆಚ್ಚಿಸೋ ಕ್ರೀಮಂತೆ, ಮೈಗೆಲ್ಲಾ ಹಚ್ಚಿಕೊಳ್ಳಲಾ?' ಅನ್ನುವ ಪ್ರಶ್ನೆ ಹುಟ್ಟುವುದಿಲ್ಲ. ಆ ಪ್ರಶ್ನೆ ನನ್ನನ್ನು ಒಬ್ಬರು ನಿಜವಾಗಿ ಕೇಳಿದ್ದಾರೆ.

ಇಷ್ಟು ಹೇಳಿ ಕೂರುವವನಿದ್ದೆ. ಮುಂದಿನ ಸಾಲಿನಲ್ಲಿದ್ದ ಹಿರಿಯರೊಬ್ಬರು ಕೈ ಎತ್ತಿದರು. "ಅಲ್ಲಪ್ಪಾ, ನನ್ನ ಬೆರಳಲ್ಲೂ ಒಂದು ನರಹುಲಿ ಇದೆ. ನಿಮ್ಮ 'ಮಾಡ್' ಹಚ್ಚಬಹುದಾ?"

ಬೆರಳು, ಅಂಗಾಲಿನ ಚರ್ಮ ದಪ್ಪ, ಔಷಧ ಒಳಗೆ ಇಳಿಯುವುದು ಕಷ್ಟ, ಅಲ್ಲಿಗೆ ಡಾಕ್ಟರು ಸಾಮಾನ್ಯವಾಗಿ ಬೇರೆ ದಾರಿ ನೋಡುತ್ತಾರೆ ಅಂದೆ. ಮಕ್ಕಳ ಮೈಮೇಲೆ ಬರುವ ಮೊಲಸ್ಕಂ ಗುಳ್ಳೆಗಳಿಗೂ ಇದನ್ನು ಪರೀಕ್ಷೆ ಮಾಡಿ ನೋಡಿದ್ದಾರೆ, ಲಾಭ ಕಾಣಲಿಲ್ಲ. ಅನೇಕ ನರಹುಲಿಗಳು, ಅದರಲ್ಲೂ ಮಕ್ಕಳಲ್ಲಿ, ಒಂದೆರಡು ವರ್ಷದಲ್ಲಿ ತಾವಾಗಿಯೇ ಹೋಗುತ್ತವೆ. ದೇಹ ತಡವಾಗಿ ಎಚ್ಚರಗೊಳ್ಳುತ್ತದೆ. ಆ ಹೊತ್ತಿಗೆ ಯಾರೋ ಕುದುರೆ ಬಾಲದ ಕೂದಲು ಕಟ್ಟಿರುತ್ತಾರೆ, ಹೆಸರು ಕುದುರೆಗೆ ಹೋಗುತ್ತದೆ ಅಂತಲೂ ಹೇಳಿದೆ.

ಎಲ್ಲರೂ ನಕ್ಕರು. ಹಿರಿಯರು ನಗಲಿಲ್ಲ. ಬೆರಳು ಚಾಚಿ ತೋರಿಸಿದರು. ಕುದುರೆ ಕೂದಲೇನೂ ಇರಲಿಲ್ಲ. ಸುಣ್ಣದ ಬಿಳಿ ಕಲೆ ಇನ್ನೂ ಹಸಿಯಾಗಿತ್ತು.